ರೋಬ್ಲಾಕ್ಸ್ ಎಂಬ ಆನ್‌ಲೈನ್ ಆಟಗಳ ವೇದಿಕೆಯಲ್ಲಿ ನಾನು ಕಟ್ಟಿದ ಗೋಳಗುಮ್ಮಟವನ್ನು ಯಾರೋ ಕದ್ದು ತಮ್ಮ ಹೆಸರಲ್ಲಿ ಹಾಕಿದ್ದಾರೆ. ತಡೆಯೋದು ಹೇಗೆ?

ಉತ್ತರ: ನಾನೂ ವಿಜಯಪುರದವನೇ, ನಿಮ್ಮ ಹೊಟ್ಟೆಯುರಿ ಅರ್ಥವಾಗುತ್ತದೆ. ಪೂರ್ತಿ ತಡೆಯಲು ಆಗುವುದಿಲ್ಲ. ಗೋಡೆ, ಮಿನಾರು, ಗುಮ್ಮಟ ಆಟಗಾರನ ಕಣ್ಣಿಗೆ ಕಾಣಬೇಕಾದರೆ ಅವು ಅವನ ಕಂಪ್ಯೂಟರಿಗೆ ಇಳಿಯಲೇಬೇಕು, ಅಲ್ವಾ? ಇಳಿದಿದ್ದನ್ನು ನಕಲು ಮಾಡಬಹುದು. ಆಟಗಾರನ ಕಂಪ್ಯೂಟರಿನಲ್ಲೇ ಓಡುವ ಕೋಡ್, ಅಂದರೆ ಲೋಕಲ್‌ಸ್ಕ್ರಿಪ್ಟ್‌ಗಳ ಕಥೆಯೂ ಅಷ್ಟೇ.

ಆದರೆ ಸರ್ವರ್‌ಸ್ಕ್ರಿಪ್ಟ್‌ಸರ್ವಿಸ್‌ನಲ್ಲಿ (ಸರ್ವರ್‌ನಲ್ಲಷ್ಟೇ ಓಡುವ ಕೋಡ್ ಇಡುವ ಜಾಗ) ಇಟ್ಟ ಸ್ಕ್ರಿಪ್ಟ್ ಆಟಗಾರನವರೆಗೆ ಹೋಗುವುದೇ ಇಲ್ಲ. ಅಂಕ, ನಾಣ್ಯ, ಪಿಸುಗುಟ್ಟಿದರೆ ಬಾಗಿಲು ತೆರೆಯುವ ಲೆಕ್ಕ, ಎಲ್ಲ ಅಲ್ಲಿಡಿ. ಆಗ ಕದ್ದವನಿಗೆ ಬರೀ ಗೋಡೆ ಸಿಗುತ್ತದೆ, ಆಟ ಸಿಗುವುದಿಲ್ಲ. ಸುಮ್ನೆ ಸಿಕ್ಕಿತೆಂದು ಗುರುತಿಲ್ಲದವರ ಪ್ಲಗಿನ್, ಉಚಿತ ಮಾಡೆಲ್ ಸೇರಿಸಬೇಡಿ. ಕೆಲವದರಲ್ಲಿ ಹೊರಗಿನವರಿಗೆ ನಿಮ್ಮ ಆಟದೊಳಗೆ ಹಿಂಬಾಗಿಲು ತೆರೆಯುವ ಸ್ಕ್ರಿಪ್ಟ್ ಅಡಗಿರುತ್ತದೆ. ಎಡಿಟ್ ಅನುಮತಿಯನ್ನೂ ಕಂಡಕಂಡ ಗೆಳೆಯರಿಗೆ ಕೊಡಬೇಡಿ. ನನಗೆ ಗೊತ್ತಿರುವ ಹುಡುಗನೊಬ್ಬನ ಮ್ಯಾಪ್ ಹೋಗಿದ್ದು ಹಾಗೆಯೇ.

ಇನ್ನು ಹಕ್ಕಿನ ಮಾತು. ಗೋಳಗುಮ್ಮಟ 17ನೇ ಶತಮಾನದ್ದು, ಅದರ ಆಕಾರ ನಿಮ್ಮದಲ್ಲ. ಬೇರೆಯವರು ತಾವೇ ಕೂತು ಇನ್ನೊಂದು ಕಟ್ಟಿದರೆ ಅದು ಕಳ್ಳತನವಲ್ಲ. ನಿಮ್ಮ ಮಾಡೆಲ್, ನಿಮ್ಮ ಕೋಡ್ ಎತ್ತಿಕೊಂಡರೆ ಮಾತ್ರ ತಪ್ಪು. ಭಾರತದಲ್ಲಿ 1957ರ ಕಾಪಿರೈಟ್ ಕಾಯ್ದೆಯಡಿ ಈ ಹಕ್ಕಿಗೆ ನೋಂದಣಿ ಕಡ್ಡಾಯವಲ್ಲ.

ಹಳೆಯ ಸೇವ್ ಫೈಲುಗಳು, ಅರ್ಧ ಕಟ್ಟಿದಾಗಿನ ಸ್ಕ್ರೀನ್‌ಶಾಟ್‌ಗಳನ್ನು ತಾರೀಖಿನ ಸಮೇತ ಇಟ್ಟುಕೊಳ್ಳಿ. ರೋಬ್ಲಾಕ್ಸ್ ಅಮೆರಿಕದ ಕಂಪನಿ, ಹಾಗಾಗಿ ಅಲ್ಲಿನ ಡಿಎಂಸಿಎ ಎಂಬ ಕಾಪಿರೈಟ್ ಕಾನೂನಿನಡಿ ಆ ಕಂಪನಿಗೆ ದೂರು ಕಳಿಸಬೇಕು. ನಿಮ್ಮ ಮೂಲ ಪುಟದ ಲಿಂಕ್, ನಕಲಿನ ಲಿಂಕ್, ಎರಡೂ ಹಾಕಿ. ನಿಮಗೆ 18 ತುಂಬಿಲ್ಲವೇ? ಅಪ್ಪ ಅಥವಾ ಅವ್ವನ ಕೈಯಲ್ಲಿ ಕಳಿಸಿ, ಅದರಲ್ಲಿ ವಿಳಾಸ, ಸಹಿ ಎಲ್ಲ ಕೇಳುತ್ತಾರೆ.