ಎನ್‌ಬಿಎ ಫೈನಲ್ಸ್: ಅಲಾರಂ ಇಟ್ಟು ಎದ್ದರೂ ಪಂದ್ಯ ಯಾಕೆ ಬರಲಿಲ್ಲ?

ಅಮೆರಿಕದ ಬಾಸ್ಕೆಟ್‌ಬಾಲ್ ಲೀಗ್ ಎನ್‌ಬಿಎಯ ಫೈನಲ್ಸ್ ನೋಡೋಕೆ ಗುರುವಾರ ಬೆಳಿಗ್ಗೆ 6ಕ್ಕೆ ಎದ್ದು ಕೂತರೂ ಪಂದ್ಯ ಬರಲಿಲ್ಲ ಅಂದಿದ್ದೀರಿ. ಆ್ಯಪ್ ಕೆಟ್ಟಿರಲಾರದು, ತಾರೀಖು ತಪ್ಪಿರಬೇಕು. ಗಂಟೆಯನ್ನು ಸರಿಯಾಗಿ ಲೆಕ್ಕ ಹಾಕಿದ್ದೀರಿ, ದಿನವನ್ನು ಮುಂದೆ ಹಾಕಿಲ್ಲ ಅನ್ಸುತ್ತೆ. ಅಮೆರಿಕದ ಗುರುವಾರ ರಾತ್ರಿ 8.30 ಅಂದ್ರೆ ನಮಗೆ ಶುಕ್ರವಾರ ಬೆಳಿಗ್ಗೆ 6.

ಮೊದಲು ವೇಳಾಪಟ್ಟಿಯಲ್ಲಿ ಸಮಯದ ಪಕ್ಕ 'ಇಟಿ' ಅಂತ ಇದೆಯಾ ನೋಡಿ. ಅದು ನ್ಯೂಯಾರ್ಕ್ ಸಮಯ. ಪಂದ್ಯ ಕ್ಯಾಲಿಫೋರ್ನಿಯಾದಲ್ಲಿ ನಡೆದರೂ ಸಾಮಾನ್ಯವಾಗಿ ಅದನ್ನೇ ಹಾಕಿರ್ತಾರೆ. ಜೂನ್‌ನಲ್ಲಿ ಅದಕ್ಕೆ ಒಂಬತ್ತೂವರೆ ಗಂಟೆ ಸೇರಿಸಿ. ಚಳಿಗಾಲದ ಹತ್ತೂವರೆ ಗಂಟೆಯ ಲೆಕ್ಕ ಈಗ ಬೇಡ.

ಆಮೇಲೆ ಫೋನಿನ ಕ್ಯಾಲೆಂಡರ್‌ನಲ್ಲಿ ಪಂದ್ಯ ಸೇರಿಸುವಾಗ ಟೈಮ್ ಝೋನ್ ನ್ಯೂಯಾರ್ಕ್ ಅಂತ ಆರಿಸಿ, ಅಲ್ಲಿನ ದಿನ, ಗಂಟೆಯನ್ನೇ ಹಾಕಿ. ಉಳಿದದ್ದನ್ನು ಫೋನೇ ಬದಲಿಸುತ್ತೆ. ಈ ಆಯ್ಕೆ ನಿಮ್ಮ ಫೋನಿನಲ್ಲಿ ಬೇರೆ ಹೆಸರಲ್ಲಿರಬಹುದು, ಹುಡುಕಿ.

ಭಾನುವಾರದ ಪಂದ್ಯ ಹೆಚ್ಚಾಗಿ ಅಲ್ಲಿ ರಾತ್ರಿ 8ಕ್ಕೆ, ನಮಗೆ ಸೋಮವಾರ ಬೆಳಿಗ್ಗೆ 5.30. 2016ರ ಫೈನಲ್ಸ್‌ನ ಏಳನೇ ಪಂದ್ಯ ಹಾಗೇ ಜೂನ್ 20ರ ಸೋಮವಾರ ಬಂತು. 89-89 ಸಮ ಇದ್ದಾಗ ಕ್ಲೀವ್‌ಲ್ಯಾಂಡ್ ತಂಡದ ಲೆಬ್ರಾನ್ ಜೇಮ್ಸ್ ಹಿಂದಿನಿಂದ ಓಡಿ ಬಂದು ಎದುರಾಳಿ ಗೋಲ್ಡನ್ ಸ್ಟೇಟ್ ತಂಡದ ಇಗ್ವಾಡಾಲಾನ ಶಾಟ್ ತಡೆದದ್ದು ಕೊನೆಯ ಎರಡು ನಿಮಿಷದಲ್ಲಿ. ಆಫೀಸಿಗೆ ಹೊರಡೋ ಹೊತ್ತು ಅಂತ ಕೊನೆಯ ಕ್ವಾರ್ಟರ್ (ಪಂದ್ಯದ ನಾಲ್ಕನೇ ಭಾಗ) ಮಾತ್ರ ಬಿಡಬೇಡಿ.

5, 6, 7ನೇ ಪಂದ್ಯಗಳಿಗೆ ಈಗಲೇ ಅಲಾರಂ ಬೇಡ. ಫೈನಲ್ಸ್ ಅಂದ್ರೆ ಹೆಚ್ಚೆಂದರೆ ಏಳು ಪಂದ್ಯಗಳ ಸರಣಿ, ಯಾವುದಾದರೂ ತಂಡ ನಾಲ್ಕು ಪಂದ್ಯ ಗೆದ್ದ ಕೂಡಲೇ ಮುಗಿಯುತ್ತೆ. ಸದ್ಯಕ್ಕೆ ಮುಂದಿನ ಪಂದ್ಯದ ದಿನವನ್ನು ಸರಿ ಮಾಡಿಕೊಳ್ಳಿ.