ಫೇರೋಗಳ ವರ್ಷ ಎಣಿಸಿದವರು

ಹೋದ ಸಂಚಿಕೆಯಲ್ಲಿ ಪಿರಮಿಡ್ಡುಗಳ ಬಗ್ಗೆ ಒಂದು ಸಣ್ಣ ಉತ್ತರ ಬರೆದಿದ್ದೆ. ಅದರ ಬೆನ್ನಿಗೇ ಫೇರೋಗಳ, ಎಂದರೆ ಪ್ರಾಚೀನ ಈಜಿಪ್ಟಿನ ರಾಜರ ಕುರಿತು ಕಟ್ಟುಗಟ್ಟಲೆ ಪತ್ರಗಳು ಬಂದವು. ಇಪ್ಪತ್ತೆಂಟು ವರ್ಷ ಪ್ರಪಂಚದ ಇತಿಹಾಸ ಪಾಠ ಹೇಳಿ, ಎರಡು ಸಲ ಈಜಿಪ್ಟಿನಲ್ಲಿ ಓಡಾಡಿ ಬಂದವಳು ನಾನು. ಈ ಪತ್ರಗಳನ್ನು ಓದಿದ ವಾರ ನನಗೆ ಹಬ್ಬದಂತಿತ್ತು. ಜಾಗ ಇದ್ದಷ್ಟಕ್ಕೆ ಏಳನ್ನು ಆರಿಸಿದ್ದೇನೆ.

ಪ್ರಶ್ನೆ: ಖುಫು 23 ವರ್ಷ ಆಳಿದ ಎಂದು ಒಂದು ಪುಸ್ತಕದಲ್ಲಿದೆ, ಇನ್ನೊಂದರಲ್ಲಿ 27 ಎಂದಿದೆ. ನಾಲ್ಕೂವರೆ ಸಾವಿರ ವರ್ಷ ಹಿಂದಿನ ರಾಜನ ಆಳ್ವಿಕೆಯನ್ನು ಹೀಗೆ ಲೆಕ್ಕ ಹಾಕಿ ಹೇಳುವುದಾದರೂ ಹೇಗೆ? ಯಾವುದನ್ನು ನಂಬಲಿ?

ಉತ್ತರ: ನನ್ನ ಒಲವು 27ರ ಕಡೆಗೆ. ಏಕೆಂದು ಸ್ವಲ್ಪ ವಿವರವಾಗಿಯೇ ಹೇಳಬೇಕು.

ಶತಮಾನಗಳುದ್ದಕ್ಕೂ ಎಣಿಸುತ್ತಾ ಹೋಗುವಂಥ ಶಕ ಈಜಿಪ್ಟಿನವರಿಗೆ ಇರಲಿಲ್ಲ. ಹೊಸ ರಾಜ ಪಟ್ಟಕ್ಕೆ ಬಂದ ಕೂಡಲೇ ಮತ್ತೆ ಒಂದರಿಂದ ಎಣಿಕೆ. ಹಾಗಾಗಿ ಒಬ್ಬ ರಾಜನ ಹೆಸರಿನ ಬರಹಗಳಲ್ಲಿ ಸಿಗುವ ಅತಿ ದೊಡ್ಡ ವರ್ಷವನ್ನು ಹಿಡಿದು, ಅವನು ಕನಿಷ್ಠ ಅಷ್ಟು ಕಾಲ ಆಳಿದ್ದಾನೆ ಎನ್ನಬೇಕು. ಖುಫುವಿನ ಕಾಲದಲ್ಲಿ ಇನ್ನೊಂದು ತೊಡಕಿದೆ. ಆಗ ವರ್ಷವನ್ನು ಹೇಳುತ್ತಿದ್ದದ್ದು ದನಗಳ ಗಣತಿಯ ಲೆಕ್ಕದಲ್ಲಿ: 'ಐದನೇ ಗಣತಿಯ ವರ್ಷ', 'ಐದನೇ ಗಣತಿಯ ಮರುವರ್ಷ' ಹೀಗೆ. ಗಣತಿ ಸಾಮಾನ್ಯವಾಗಿ ಎರಡು ವರ್ಷಕ್ಕೊಮ್ಮೆ ನಡೆಯುತ್ತಿತ್ತು.

23 ಎಂಬ ಸಂಖ್ಯೆಯ ಮೂಲ ಇಟಲಿಯ ಟ್ಯೂರಿನ್ ಮ್ಯೂಸಿಯಂನಲ್ಲಿರುವ ರಾಜರ ಪಟ್ಟಿ. ತೆರಿಗೆ ಲೆಕ್ಕ ಬರೆದ ಪ್ಯಾಪಿರಸ್ಸಿನ (ಜೊಂಡಿನಿಂದ ಮಾಡಿದ ಹಾಳೆಯ) ಬೆನ್ನಲ್ಲಿ ಅದನ್ನು ಬರೆದದ್ದು ಎರಡನೇ ರಾಮ್ಸೆಸನ ಕಾಲದಲ್ಲಿ, ಎಂದರೆ ಖುಫು ತೀರಿಕೊಂಡು ಸುಮಾರು 1300 ವರ್ಷ ಆದ ಮೇಲೆ. ಗ್ರೀಕ್ ಇತಿಹಾಸಕಾರ ಹೆರೊಡೋಟಸ್ 50 ಎನ್ನುತ್ತಾನೆ, ಈಜಿಪ್ಟಿನ ಪುರೋಹಿತ ಮನೇಥೊ 63 ಎನ್ನುತ್ತಾನೆ. ಇವರೆಲ್ಲ ಕೇಳಿ ಬರೆದವರು.

2013ರಲ್ಲಿ ಕೆಂಪು ಸಮುದ್ರದ ದಡದ ವಾದಿ ಅಲ್-ಜರ್ಫ್‌ನಲ್ಲಿ ಫ್ರಾನ್ಸಿನ ಪಿಯೇರ್ ತಾಲೆ ಮತ್ತವರ ತಂಡಕ್ಕೆ ಪ್ಯಾಪಿರಸ್ ಕಟ್ಟುಗಳು ಸಿಕ್ಕವು. ಬರಹವಿರುವ ಪ್ಯಾಪಿರಸ್ಸುಗಳಲ್ಲಿ ಈವರೆಗೆ ಸಿಕ್ಕಿರುವ ಅತಿ ಹಳೆಯವು ಇವೇ. ಅದರಲ್ಲಿ ಮೆರೆರ್ ಎಂಬ ಮೇಸ್ತ್ರಿಯ ದಿನಚರಿ ಇದೆ. ಸುಮಾರು 40 ಜನರ ಗುಂಪು ಕಟ್ಟಿಕೊಂಡು ತೂರಾ ಗಣಿಯ ಬಿಳಿ ಸುಣ್ಣಕಲ್ಲನ್ನು ದೋಣಿಗೆ ಹೇರಿ, ನೈಲ್ ನದಿ ಮತ್ತು ಕಾಲುವೆಗಳ ಮೂಲಕ ಗಿಜಾಕ್ಕೆ ಸಾಗಿಸುವುದು ಅವನ ಕೆಲಸ. ಮೇಲೆ ಅಡ್ಡಸಾಲಿನಲ್ಲಿ ತಿಂಗಳ ದಿನಗಳು, ಪ್ರತಿ ದಿನದ ಕೆಳಗೆ ಎರಡು ಉದ್ದಸಾಲು. ತೂರಾದಲ್ಲಿ ಕಲ್ಲು ಹೇರಿದೆವು, ಖುಫುವಿನ ಕೆರೆಯಲ್ಲಿ ರಾತ್ರಿ ಕಳೆದೆವು, 'ಖುಫುವಿನ ದಿಗಂತ' ತಲುಪಿದೆವು. ಈ 'ದಿಗಂತ'ವೇ ನಾವು ಮಹಾ ಪಿರಮಿಡ್ ಎನ್ನುವ ಕಟ್ಟಡ. ಆ ಕಡತಗಳ ಮೇಲಿನ ಕಾಲ '13ನೇ ಗಣತಿಯ ಮರುವರ್ಷ'. ಲೆಕ್ಕ ಹಾಕಿದರೆ ಖುಫುವಿನ 26 ಅಥವಾ 27ನೇ ವರ್ಷ. ಕೆಲಸ ನಡೆಯುತ್ತಿದ್ದಾಗಲೇ ಬರೆದಿಟ್ಟವನ ಮಾತು ಇದು. ಸಾವಿರ ವರ್ಷ ಕಳೆದ ಮೇಲೆ ಬರೆದ ಪಟ್ಟಿಗಿಂತ ಇದನ್ನೇ ನಂಬುತ್ತೇನೆ.

ಪ್ರಶ್ನೆ: ಅಷ್ಟು ದೊಡ್ಡ ಪಿರಮಿಡ್ ಕಟ್ಟಿಸಿದ ಖುಫುವಿನ ಪ್ರತಿಮೆ ಎಷ್ಟು ದೊಡ್ಡದಿದೆ?

ಉತ್ತರ: ಏಳೂವರೆ ಸೆಂಟಿಮೀಟರ್. ಅವನದೇ ಎಂದು ಹೆಸರಿನಿಂದ ಖಚಿತವಾಗಿರುವ, ಇಡಿಯಾಗಿ ಉಳಿದ ಪ್ರತಿಮೆ ಇದೊಂದೇ.

ಕೈರೊದ ತಹ್ರೀರ್ ಚೌಕದ ಮ್ಯೂಸಿಯಂನಲ್ಲಿ ಅದನ್ನು ನೋಡಲೆಂದೇ ಒಂದು ಬೆಳಗ್ಗೆ ಹೋಗಿದ್ದೆ. ಸುತ್ತ ಆಳೆತ್ತರದ ಕಲ್ಲಿನ ರಾಜರು. ಎರಡು ಸಲ ದಾಟಿ ಹೋದರೂ ಕಣ್ಣಿಗೆ ಬೀಳಲಿಲ್ಲ. ಮೂರನೇ ಸಲ ಗಾಜಿಗೆ ಮೂಗು ತಾಗುವಷ್ಟು ಬಗ್ಗಿದಾಗ ಕಂಡಿತು. ದಂತದ ಪುಟ್ಟ ಮನುಷ್ಯ ಸಿಂಹಾಸನದ ಮೇಲೆ ಕೂತಿದ್ದಾನೆ. ತಲೆಯ ಮೇಲೆ ಕೆಳ ಈಜಿಪ್ಟಿನ, ಎಂದರೆ ಉತ್ತರ ಭಾಗದ, ಕಿರೀಟ, ಎದೆಗೆ ಒತ್ತಿ ಹಿಡಿದ ರಾಜದಂಡ. ಅಗಲ ಮುಖ, ಬಿಗಿದ ತುಟಿ. 146 ಮೀಟರ್ ಎತ್ತರಕ್ಕೆ ಸುಮಾರು 23 ಲಕ್ಷ ಕಲ್ಲು ಪೇರಿಸಿದವನ ಇಡೀ ಮೈ ನನ್ನ ಕೈಬೆರಳಿನಷ್ಟಿತ್ತು. ಅಲ್ಲಿಂದ ಕದಲಲು ಮನಸ್ಸೇ ಬರಲಿಲ್ಲ.

ಅದು ಸಿಕ್ಕಿದ ಬಗೆಯನ್ನೂ ಹೇಳಬೇಕು. 1903ರಲ್ಲಿ ಅಬೈಡೋಸ್‌ನಲ್ಲಿ ಫ್ಲಿಂಡರ್ಸ್ ಪೆಟ್ರಿ ಅವರ ಉತ್ಖನನದಲ್ಲಿ ಸಿಕ್ಕಾಗ ಅದಕ್ಕೆ ತಲೆಯೇ ಇರಲಿಲ್ಲ. ಸಿಂಹಾಸನದ ಮೇಲೆ ಕೊರೆದ ಹೆಸರು ಓದಿ ಇದು ಯಾರೆಂದು ತಿಳಿದ ಕೂಡಲೇ ಪೆಟ್ರಿ, ಅಗೆದು ಹಾಕಿದ ಮಣ್ಣನ್ನೆಲ್ಲ ಜರಡಿ ಹಿಡಿಸಿದರು. ಮೂರು ವಾರದ ಮೇಲೆ ತಲೆ ಸಿಕ್ಕಿತು. ಆ ಮೂರು ವಾರದ ತಾಳ್ಮೆಯನ್ನು ನೆನೆದಾಗಲೆಲ್ಲ ಮನಸ್ಸಿನಲ್ಲೇ ಕೈಮುಗಿಯುತ್ತೇನೆ.

ಪ್ರಶ್ನೆ: ಪಿರಮಿಡ್ ಕಟ್ಟಿದ್ದು ಗುಲಾಮರಲ್ಲವೇ? ಚಾಟಿ ಏಟು ತಿಂದು ಕಲ್ಲು ಎಳೆದವರ ಬಗ್ಗೆ ನೀವೇಕೆ ಬರೆಯುವುದಿಲ್ಲ?

ಉತ್ತರ: ಚಾಟಿ ಹಿಡಿದ ಮೇಲ್ವಿಚಾರಕರ ಚಿತ್ರ ನಮ್ಮ ತಲೆಯಲ್ಲಿ ಕೂತದ್ದು ಸಿನಿಮಾಗಳಿಂದ. ಗಿಜಾದ ನೆಲ ಬೇರೆ ಕಥೆ ಹೇಳುತ್ತದೆ. 1990ರಲ್ಲಿ ಒಂದು ಕುದುರೆ ಮಣ್ಣಿಟ್ಟಿಗೆಯ ಗೋಡೆಗೆ ಎಡವಿದ್ದರಿಂದ ಅಲ್ಲಿ ಕೆಲಸಗಾರರ ಸ್ಮಶಾನ ಬೆಳಕಿಗೆ ಬಂತು. ಮುರಿದ ಮೂಳೆಯನ್ನು ಕಟ್ಟು ಹಾಕಿ ಕೂಡಿಸಿದ ಗುರುತುಗಳು ಆ ಅಸ್ಥಿಪಂಜರಗಳಲ್ಲಿವೆ. ಹತ್ತಿರದಲ್ಲೇ ಅಮೆರಿಕದ ಮಾರ್ಕ್ ಲೆಹ್ನರ್ ಅವರ ತಂಡ ಕೆಲಸಗಾರರ ಊರನ್ನು ಅಗೆದಿದೆ. ರೊಟ್ಟಿ ಬೇಯಿಸುವ ಅಚ್ಚುಗಳು, ರಾಶಿ ರಾಶಿ ದನ-ಕುರಿಯ ಮೂಳೆಗಳು ಅಲ್ಲಿ ಸಿಕ್ಕಿವೆ. ಮಹಾ ಪಿರಮಿಡ್ಡಿನ ಒಳಗೆ, ಯಾರ ಕಣ್ಣಿಗೂ ಬೀಳದ ಕಿರುಕೋಣೆಗಳಲ್ಲಿ, 'ಖುಫುವಿನ ಗೆಳೆಯರು' ಎಂದು ಕೆಂಪು ಬಣ್ಣದಲ್ಲಿ ತಮ್ಮ ತಂಡದ ಹೆಸರು ಬರೆದು ಹೋಗಿದ್ದಾರೆ. ಕೆಲಸ ಸುಖದ್ದಾಗಿತ್ತು ಎಂದು ನಾನು ಹೇಳುತ್ತಿಲ್ಲ. ಅದೇ ಮೂಳೆಗಳಲ್ಲಿ ಸವೆದ ಬೆನ್ನು, ಸವೆದ ಮಂಡಿಗಳೂ ಇವೆ.

ಕೆಲಸಗಾರರ ಬಾಯಿಂದಲೇ ಮಾತು ಕೇಳಬೇಕೆಂದರೆ ಕ್ರಿ.ಪೂ. 12ನೇ ಶತಮಾನಕ್ಕೆ ಬನ್ನಿ. ರಾಜರ ಕಣಿವೆಯ ಗೋರಿಗಳನ್ನು ಕೊರೆದು ಬಣ್ಣ ಬಳಿಯುತ್ತಿದ್ದ ಕುಶಲಕರ್ಮಿಗಳು ದೇರ್ ಅಲ್-ಮದೀನಾ ಎಂಬ ಹಳ್ಳಿಯಲ್ಲಿದ್ದರು. ಕೂಲಿ ಎಂದರೆ ತಿಂಗಳ ಗೋಧಿ, ಬಾರ್ಲಿ. ಮೂರನೇ ರಾಮ್ಸೆಸನ 29ನೇ ವರ್ಷ ಆ ಧಾನ್ಯ ಬರುವುದು ತಡವಾಯಿತು. ಅವರು ಕೆಲಸ ಬಿಟ್ಟು ಹೊರಟರು. ಐದು ಗೋಡೆಗಳನ್ನು ದಾಟಿ, ಮೂರನೇ ಥುಟ್ಮೋಸನ ದೇವಾಲಯದ ಹಿಂದೆ ಹೋಗಿ ಕೂತರು. 'ಹಸಿದಿದ್ದೇವೆ, ತಿಂಗಳಲ್ಲಿ ಹದಿನೆಂಟು ದಿನ ಕಳೆದವು' ಎಂದರು. 'ಬಟ್ಟೆಯಿಲ್ಲ, ಎಣ್ಣೆಯಿಲ್ಲ, ಮೀನಿಲ್ಲ, ತರಕಾರಿಯಿಲ್ಲ. ನಮ್ಮ ಒಡೆಯ ಫೇರೋಗೆ ಹೇಳಿ ಕಳಿಸಿ' ಎಂದರು. ಇದು ಬರಹದಲ್ಲಿ ಉಳಿದಿರುವ ಅತಿ ಹಳೆಯ ಮುಷ್ಕರ. ಆ ಪ್ಯಾಪಿರಸ್ಸೂ ಟ್ಯೂರಿನ್‌ನಲ್ಲೇ ಇದೆ. ಅದೇ ರಾಜ ಮೆದಿನೆತ್ ಹಾಬುವಿನ ತನ್ನ ದೇವಾಲಯದಲ್ಲಿ ತನ್ನ ಯುದ್ಧಗಳನ್ನು ಗೋಡೆ ತುಂಬ ಕೆತ್ತಿಸಿದ್ದಾನೆ. ಆ ಗೋಡೆಗಳ ಮುಂದೆ ನಿಂತಾಗ ನನಗೆ ನೆನಪಾದದ್ದು ಈ ಹದಿನೆಂಟು ದಿನ.

ಪ್ರಶ್ನೆ: ಹೆಂಗಸು ಫೇರೋ ಆದಳೆಂಬ ಸಿಟ್ಟಿಗೆ ಹತ್ಶೆಪ್ಸುಟ್‌ಳ ಹೆಸರನ್ನು ಮಲಮಗ ಅಳಿಸಿ ಹಾಕಿದನಂತೆ, ನಿಜವೇ?

ಉತ್ತರ: ಅಳಿಸಿದ್ದು ನಿಜ. ಸಿಟ್ಟಿಗೆ ಎಂಬುದನ್ನು ಒಪ್ಪಲಾರೆ.

ಗಂಡ ಎರಡನೇ ಥುಟ್ಮೋಸ್ ತೀರಿಕೊಂಡಾಗ ಸವತಿಯ ಮಗ ಮೂರನೇ ಥುಟ್ಮೋಸ್ ಇನ್ನೂ ಮಗು. ಅವನ ಹೆಸರಿನಲ್ಲಿ ರಾಜ್ಯಭಾರ ವಹಿಸಿಕೊಂಡ ಹತ್ಶೆಪ್ಸುಟ್, ಏಳನೇ ವರ್ಷದ ಹೊತ್ತಿಗೆ ತಾನೇ ಫೇರೋ ಎಂದು ಎಲ್ಲ ಬಿರುದುಗಳನ್ನೂ ಧರಿಸಿದಳು. ಸುಮಾರು 21 ವರ್ಷ ಆಳಿದಳು, ಕ್ರಿ.ಪೂ. 1458ರವರೆಗೆ. ದೇರ್ ಅಲ್-ಬಹ್ರಿಯ ಬಂಡೆಯ ಬುಡದಲ್ಲಿ ಮೂರು ಅಂತಸ್ತಿನ ದೇವಾಲಯ ಕಟ್ಟಿಸಿದಳು. ಪುಂಟ್ ದೇಶಕ್ಕೆ ಹಡಗು ಕಳಿಸಿ ಧೂಪದ ಮರಗಳನ್ನು ಬೇರುಸಹಿತ ಬುಟ್ಟಿಯಲ್ಲಿಟ್ಟು ತರಿಸಿದಳು. ಆ ಬುಟ್ಟಿ ಹೊತ್ತವರು ಇವತ್ತಿಗೂ ಗೋಡೆಯ ಮೇಲೆ ನಡೆಯುತ್ತಿದ್ದಾರೆ. ಕಾರ್ನಕ್‌ನಲ್ಲಿ ಸುಮಾರು 30 ಮೀಟರ್ ಎತ್ತರದ ಒಂದೇ ಕಲ್ಲಿನ ಸ್ತಂಭ ನಿಲ್ಲಿಸಿ, ಗಣಿಯಲ್ಲಿ ಇದರ ಕೆಲಸ ಏಳೇ ತಿಂಗಳಲ್ಲಿ ಮುಗಿಯಿತೆಂದು ಬುಡದಲ್ಲಿ ಬರೆಸಿದಳು.

ದ್ವೇಷವಿದ್ದರೆ ಅವಳು ಸತ್ತ ಮರುದಿನವೇ ಉಳಿ ಹಿಡಿಯಬೇಕಿತ್ತು. ಅಳಿಸುವ ಕೆಲಸ ಶುರುವಾದದ್ದು ಸುಮಾರು ಇಪ್ಪತ್ತು ವರ್ಷದ ಮೇಲೆ, ಥುಟ್ಮೋಸ್ ಮುದುಕನಾಗುತ್ತಿದ್ದಾಗ. ತನ್ನ ಮಗನ ಪಟ್ಟಕ್ಕೆ ಅಡ್ಡಿ ಬಾರದಿರಲಿ, ತಾತ, ತಂದೆ, ತಾನು, ಮಗ ಎಂದು ಪಟ್ಟಿ ನೇರವಾಗಿರಲಿ ಎಂಬ ಎಚ್ಚರಿಕೆ ಇದ್ದಿರಬೇಕು ಎಂದು ಈಗ ಬಹಳ ವಿದ್ವಾಂಸರು ಹೇಳುತ್ತಾರೆ. ನನಗೂ ಅದೇ ಸರಿ ಎನಿಸುತ್ತದೆ.

ಅವಳು ಮತ್ತೆ ಸಿಕ್ಕಿದ್ದು ವ್ಯಾಕರಣದಿಂದ. ಚಿತ್ರಲಿಪಿಯನ್ನು ಓದಿ ತೋರಿಸಿದ ಷಾಂಪೋಲಿಯೋ 1829ರಲ್ಲಿ ದೇರ್ ಅಲ್-ಬಹ್ರಿಗೆ ಹೋದಾಗ, ಚಿತ್ರದಲ್ಲಿ ಗಡ್ಡದ ರಾಜ, ಪಕ್ಕದ ಬರಹದಲ್ಲಿ ನಾಮಪದವೂ ಕ್ರಿಯಾಪದವೂ ಸ್ತ್ರೀಲಿಂಗ. ಅವರು ತಬ್ಬಿಬ್ಬಾದರು. ಆ ಭಾಷೆಯಲ್ಲಿ ಸ್ತ್ರೀಲಿಂಗಕ್ಕೆ 'ತ್' ಪ್ರತ್ಯಯ. ರೊಟ್ಟಿಯ ಆಕಾರದ ಒಂದು ಅರೆವೃತ್ತ ಅದರ ಗುರುತು. ಹೆಸರು, ಮುಖ ಕೆತ್ತಿ ತೆಗೆದವರು ಎಷ್ಟೋ ಕಡೆ ಆ ಅರೆವೃತ್ತಗಳನ್ನು ಹಾಗೆಯೇ ಬಿಟ್ಟಿದ್ದರು. ನಾನು ಹೋದಾಗ ಮಧ್ಯಾಹ್ನದ ಬಿಸಿಲು ಓರೆಯಾಗಿ ಬಿದ್ದಿತ್ತು. ನುಣುಪಾದ ಗೋಡೆಯ ನಡುವೆ ನಿಂತ ವ್ಯಕ್ತಿಯ ಆಕಾರದಲ್ಲಿ ಉಳಿಯೇಟಿನ ಒರಟು ಕಲ್ಲು. ಭುಜ, ಕಿರೀಟ, ಚಾಚಿದ ಕೈ ಎಲ್ಲ ಸ್ಪಷ್ಟವಾಗಿ ತಿಳಿಯುತ್ತಿತ್ತು.

ಪ್ರಶ್ನೆ: ತುತಂಖಾಮುನ್‌ನ ಗೋರಿ ತೆರೆದವರೆಲ್ಲ ಶಾಪದಿಂದ ಸತ್ತರೇ?

ಉತ್ತರ: ಇಲ್ಲ. ಹಣ ಕೊಟ್ಟ ಕಾರ್ನರ್ವನ್ ಪ್ರಭು 1923ರಲ್ಲಿ ಸೊಳ್ಳೆ ಕಚ್ಚಿದ ಗಾಯ ನಂಜಾಗಿ ತೀರಿಕೊಂಡರು. ಸುದ್ದಿ ಹಬ್ಬಿದ್ದು ಅದರಿಂದ. 1922ರಲ್ಲಿ ಗೋರಿಯನ್ನು ಕಂಡುಹಿಡಿದ ಹೊವರ್ಡ್ ಕಾರ್ಟರ್ 1939ರವರೆಗೆ ಬದುಕಿದ್ದರು. ಆ ಗೋರಿಯಲ್ಲಿ ಶಾಪದ ಬರಹ ಯಾವುದೂ ಇಲ್ಲ. ಅಲ್ಲಿನ ದ್ರಾಕ್ಷಾರಸದ ಜಾಡಿಗಳ ಮೇಲಿನ ಬರಹ ಓದಿ: 4ನೇ ವರ್ಷ, 5ನೇ ವರ್ಷ, 9ನೇ ವರ್ಷ, ತೋಟ ಯಾವುದು, ತಯಾರಿಸಿದವನು ಯಾರು. ಹುಡುಗ ರಾಜ ಒಂಬತ್ತು ವರ್ಷವಾದರೂ ಆಳಿದ ಎನ್ನಲು ಆ ಜಾಡಿಗಳೂ ಸಾಕ್ಷಿ.

ಪ್ರಶ್ನೆ: ಅಬು ಸಿಂಬೆಲ್ ಗುಡಿಯೊಳಗೆ ವರ್ಷಕ್ಕೆ ಎರಡೇ ದಿನ ಸೂರ್ಯನ ಬೆಳಕು ಬೀಳುತ್ತದಂತೆ. ಅದು ಎರಡನೇ ರಾಮ್ಸೆಸನ ಹುಟ್ಟುಹಬ್ಬ ಮತ್ತು ಪಟ್ಟಾಭಿಷೇಕದ ದಿನವೇ?

ಉತ್ತರ: ಬೆಳಕಿನ ಮಾತು ನಿಜ. ಫೆಬ್ರವರಿ 22 ಮತ್ತು ಅಕ್ಟೋಬರ್ 22ರ ಸೂರ್ಯೋದಯದಲ್ಲಿ ಕಿರಣ ಸುಮಾರು 60 ಮೀಟರ್ ಒಳಕ್ಕೆ ಹೋಗಿ ಗರ್ಭಗುಡಿ ಮುಟ್ಟುತ್ತದೆ. ಅಮುನ್-ರಾ, ರಾಮ್ಸೆಸ್, ರಾ-ಹೊರಾಖ್ತಿ ಬೆಳಗುತ್ತಾರೆ. ನಾಲ್ಕನೆಯವನಾದ, ಕತ್ತಲಿನೊಡನೆ ನಂಟಿರುವ ಪ್ತಾ ಮಾತ್ರ ನೆರಳಲ್ಲೇ ಉಳಿಯುತ್ತಾನೆ.

ಹುಟ್ಟುಹಬ್ಬದ ಕಥೆಗೆ ಆಧಾರವಿಲ್ಲ. ಅವನು ಪಟ್ಟವೇರಿದ ದಿನ ಕ್ರಿ.ಪೂ. 1279ರ ಮೇ 31 ಎಂಬುದು ಹೆಚ್ಚಿನವರು ಒಪ್ಪುವ ಲೆಕ್ಕ. ದಿನ ಎರಡು ಆಗುವುದಕ್ಕೆ ಕಾರಣ ಆಕಾಶದಲ್ಲೇ ಇದೆ. ಸೂರ್ಯ ಹುಟ್ಟುವ ಜಾಗ ದಕ್ಷಿಣಕ್ಕೆ ಸರಿಯುವಾಗ ಒಮ್ಮೆ, ಉತ್ತರಕ್ಕೆ ಮರಳುವಾಗ ಒಮ್ಮೆ ಗುಡಿಯ ಬಾಗಿಲಿಗೆ ನೇರ ಬರುತ್ತದೆ. ಡಿಸೆಂಬರ್ 21ರಿಂದ ಹಿಂದಕ್ಕೂ ಮುಂದಕ್ಕೂ ಎರಡು ತಿಂಗಳು ಎಣಿಸಿ ನೋಡಿ.

ನನ್ನನ್ನು ಹೆಚ್ಚು ಮುಟ್ಟಿದ್ದು ಬೇರೆ. ಅಸ್ವಾನ್ ಅಣೆಕಟ್ಟಿನ ನೀರಿನಲ್ಲಿ ಮುಳುಗದಂತೆ 1964ರಿಂದ 1968ರವರೆಗೆ ಇಡೀ ಗುಡಿಯನ್ನು ಸಾವಿರಕ್ಕೂ ಹೆಚ್ಚು ತುಂಡುಗಳಾಗಿ ಕೊಯ್ದು 65 ಮೀಟರ್ ಮೇಲೆ ಕಟ್ಟಿದರು. ಮುಂಭಾಗದ ನಾಲ್ಕು ರಾಮ್ಸೆಸರಲ್ಲಿ ಒಬ್ಬನ ಮೇಲ್ಭಾಗ ಪ್ರಾಚೀನ ಕಾಲದಲ್ಲೇ ಭೂಕಂಪದಿಂದ ಕಳಚಿ ಬಿದ್ದಿತ್ತು. ಅದನ್ನು ಎತ್ತಿ ಜೋಡಿಸುವ ಆಸೆಗೆ ಬೀಳದೆ, ಬಿದ್ದ ತಲೆಯನ್ನು ಅವನ ಕಾಲ ಬಳಿ ಮೊದಲಿದ್ದಂತೆಯೇ ಇಟ್ಟಿದ್ದಾರೆ.

ಪ್ರಶ್ನೆ: ನಾನು ಆರನೇ ತರಗತಿ. ನನ್ನ ವಯಸ್ಸಿನ ಫೇರೋ ಇದ್ದನೇ? ಅವನು ಏನು ಮಾಡುತ್ತಿದ್ದ?

ಉತ್ತರ: ಇದ್ದ, ಮಗು. ನಿನಗಿಂತಲೂ ಚಿಕ್ಕವನಿದ್ದ. ಎರಡನೇ ಪೆಪಿ ಆರನೇ ವಯಸ್ಸಿಗೇ ರಾಜನಾದ ಎನ್ನುತ್ತಾರೆ. ಅವನು 94 ವರ್ಷ ಆಳಿದ ಎಂದು ಮನೇಥೊ ಬರೆದಿದ್ದಾನೆ. 60 ದಾಟಿತ್ತು ಎನ್ನುವುದಕ್ಕಂತೂ ಗಟ್ಟಿ ಆಧಾರವಿದೆ. ನ್ಯೂಯಾರ್ಕಿನ ಬ್ರೂಕ್ಲಿನ್ ಮ್ಯೂಸಿಯಂನಲ್ಲಿ ಅವನು ಅಮ್ಮನ ತೊಡೆಯ ಮೇಲೆ ಕೂತ ಕಲ್ಲಿನ ಪ್ರತಿಮೆ ಇದೆ. ಮೈ ಪುಟ್ಟದು, ತಲೆಗೆ ದೊಡ್ಡವರ ರಾಜಶಿರವಸ್ತ್ರ.

ಅವನು ಪಟ್ಟಕ್ಕೆ ಬಂದ ಎರಡನೇ ವರ್ಷ ಹರ್ಖುಫ್ ಎಂಬ ಅಧಿಕಾರಿ ದಕ್ಷಿಣದ ಯಾಮ್ ದೇಶದಿಂದ ಮರಳುತ್ತಿದ್ದ. ಜೊತೆಯಲ್ಲಿ ಕುಣಿತ ಬಲ್ಲ ಒಬ್ಬ ಕುಬ್ಜ ಬರುತ್ತಿದ್ದಾನೆಂದು ಅರಮನೆಗೆ ಬರೆದಿದ್ದ. ಹುಡುಗ ಫೇರೋ ಕಳಿಸಿದ ಉತ್ತರವನ್ನು ಹರ್ಖುಫ್ ಅಸ್ವಾನ್‌ನಲ್ಲಿ ತನ್ನ ಗೋರಿಯ ಮುಂಭಾಗದ ಗೋಡೆಯಲ್ಲಿ ಕೆತ್ತಿಸಿಕೊಂಡ. ನೈಲ್ ದಡದಿಂದ ಮರಳುಗುಡ್ಡ ಹತ್ತಿ ಹೋಗಿ ಅದನ್ನು ನೋಡಿದ್ದೇನೆ. ಕಲ್ಲು ಸವೆದಿದೆ, ಸಾಲುಗಳು ಇನ್ನೂ ಇವೆ. ಕೂಡಲೇ ಹೊರಟು ಬಾ ಎನ್ನುತ್ತಾನೆ ಪೆಪಿ. ಆ ಕುಬ್ಜ ದೋಣಿ ಹತ್ತಿದಾಗ ನೀರಿಗೆ ಬೀಳದ ಹಾಗೆ ಸುತ್ತ ನಂಬಿಕಸ್ತರನ್ನು ನಿಲ್ಲಿಸು. ರಾತ್ರಿ ಮಲಗಿದಾಗ ಡೇರೆಯಲ್ಲಿ ಅವನ ಸುತ್ತ ಜನರನ್ನು ಮಲಗಿಸು, ರಾತ್ರಿಗೆ ಹತ್ತು ಸಲ ಎದ್ದು ನೋಡು. ಸಿನಾಯ್‌ನಿಂದ, ಪುಂಟ್‌ನಿಂದ ಬರುವ ಎಲ್ಲ ಕಾಣಿಕೆಗಳಿಗಿಂತ ನನಗೆ ಅವನನ್ನು ನೋಡುವ ಆಸೆ. ದಾರಿಯುದ್ದಕ್ಕೂ ಇರುವ ಊರುಗಳ ಉಗ್ರಾಣಗಳಿಂದ ನಿಮಗೆ ಊಟ ಕೊಡಲು ಹೇಳಿದ್ದೇನೆ.