ಅಪೀಲು ಬಾಕಿ ಇರುವಾಗಲೇ ಅಪ್ಪ ತೀರಿಕೊಂಡರು, ಈಗ ಕೇಸು ಏನಾಗುತ್ತದೆ?

ಪ್ರಶ್ನೆ: ನಮ್ಮದು ಗುಬ್ಬಿ ತಾಲ್ಲೂಕು. ತೋಟದ ಬದುವಿನ ಜಗಳದಲ್ಲಿ ಒಬ್ಬರಿಗೆ ಜೋರು ಪೆಟ್ಟಾಗಿ, ಅಪ್ಪನಿಗೆ ತುಮಕೂರಿನ ಸೆಷನ್ಸ್ ಕೋರ್ಟಿನಲ್ಲಿ ಮೂರು ವರ್ಷ ಜೈಲು, 20 ಸಾವಿರ ದಂಡ ಆಗಿತ್ತು. ಹೈಕೋರ್ಟಿಗೆ ಅಪೀಲು ಹಾಕಿ ಜಾಮೀನಿನ ಮೇಲೆ ಮನೆಯಲ್ಲಿದ್ದರು. ಎರಡು ವಾರದ ಹಿಂದೆ ತೀರಿಕೊಂಡರು. 'ಮನುಷ್ಯನೇ ಹೋದ ಮೇಲೆ ಕೇಸೂ ಹೋಯ್ತು ಬಿಡಮ್ಮ' ಅಂತಾರೆ ಊರಲ್ಲಿ. ನಾನು ಹೊಡೆದಿಲ್ಲ ಅಂತ ಅಪ್ಪ ಕೊನೆವರೆಗೂ ಹೇಳುತ್ತಿದ್ದರು. ಅವರ ಮೇಲಿನ ಕಳಂಕವೂ ಹೋಗುತ್ತದಾ?

ಉತ್ತರ: ಇಲ್ಲಮ್ಮ, ತಾನಾಗೇ ಹೋಗುವುದಿಲ್ಲ. ನಿಮ್ಮ ಪತ್ರ ಬಂದ ದಿನವೇ ಫೋನಿನಲ್ಲಿ ಇದನ್ನು ಹೇಳಿದೆ. ಪತ್ರಿಕೆ ಅಚ್ಚಾಗುವಷ್ಟರಲ್ಲಿ ಗಡುವು ಮುಗಿದುಬಿಟ್ಟರೆ ಏನು ಪ್ರಯೋಜನ? ಇಲ್ಲಿ ಬರೆಯುತ್ತಿರುವುದು ನಿಮ್ಮಂಥ ಬೇರೆ ಮನೆಯವರಿಗೂ ತಿಳಿಯಲಿ ಅಂತ.

ವಿಚಾರಣೆ ನಡೆಯುವಾಗಲೇ ಆರೋಪಿ ತೀರಿಕೊಂಡರೆ ಮಾತು ಬೇರೆ. ಅವರು ಅಪರಾಧಿ ಅಂತ ಯಾರೂ ತೀರ್ಪು ಕೊಟ್ಟಿರುವುದಿಲ್ಲ. ಆದರೆ ಶಿಕ್ಷೆ ಆದ ಮೇಲೆ, ಅಪೀಲಿನ ಹಂತದಲ್ಲಿ ತೀರಿಕೊಂಡರೆ ಅಪೀಲು ಮಾತ್ರ ಅಬೇಟ್ ಆಗುತ್ತದೆ, ಅಂದರೆ ತೀರ್ಪಿಲ್ಲದೆ ಅಲ್ಲಿಗೇ ಮುಗಿಯುತ್ತದೆ. ಕೆಳಗಿನ ಕೋರ್ಟಿನ ತೀರ್ಪು ಹಾಗೇ ನಿಲ್ಲುತ್ತದೆ. ಜೈಲಿಗೆ ಹೋಗುವವರು ಯಾರೂ ಇಲ್ಲ, ಆದರೆ ದಾಖಲೆಯಲ್ಲಿ ನಿಮ್ಮಪ್ಪ ಅಪರಾಧಿಯಾಗಿಯೇ ಉಳಿಯುತ್ತಾರೆ. ಸುಮ್ನೆ ಬಿಟ್ಟರೆ ಆಗುವುದು ಇದು.

ಇದಕ್ಕೆ ಕಾನೂನೇ ಒಂದು ದಾರಿ ಇಟ್ಟಿದೆ. ಕ್ರಿಮಿನಲ್ ಕೇಸು ಹೇಗೆ ನಡೆಯಬೇಕು ಅಂತ ಹೇಳುವ ಹಳೆಯ ಕಾನೂನು ಸಿಆರ್‌ಪಿಸಿಯ 394ನೇ ಕಲಂನಲ್ಲಿತ್ತು. ಅದರ ಬದಲಿಗೆ 2024ರ ಜುಲೈ 1ರಿಂದ ಜಾರಿಗೆ ಬಂದ ನಾಗರಿಕ ಸುರಕ್ಷಾ ಸಂಹಿತೆಯಲ್ಲಿ 435ನೇ ಕಲಂ. ಜೈಲು ಅಥವಾ ಮರಣದಂಡನೆ ಆಗಿದ್ದ ಕೇಸಿನಲ್ಲಿ, ಸಾವಾದ 30 ದಿನದೊಳಗೆ ಹತ್ತಿರದ ಸಂಬಂಧಿ ಅಪೀಲನ್ನು ಮುಂದುವರಿಸಲು ಅನುಮತಿ ಕೇಳಬಹುದು. ಹತ್ತಿರದ ಸಂಬಂಧಿ ಅಂದರೆ ತಂದೆ, ತಾಯಿ, ಗಂಡ ಅಥವಾ ಹೆಂಡತಿ, ಮಕ್ಕಳು, ಮೊಮ್ಮಕ್ಕಳು, ಒಡಹುಟ್ಟಿದವರು. ಮದುವೆಯಾಗಿ ಹೋದ ಮಗಳೂ ಮಗಳೇ. ಅಳಿಯ ಎಷ್ಟೇ ಓಡಾಡಿದ್ದರೂ ಅರ್ಜಿ ಅವರ ಹೆಸರಲ್ಲಿ ಆಗುವುದಿಲ್ಲ.

ನಮ್ಮ ಕಡೆ ಎಡವುವುದು ಈ 30 ದಿನದಲ್ಲೇ. ಹನ್ನೊಂದನೇ ದಿನದ ತಿಥಿ ಮುಗಿಯಲಿ, ನೆಂಟರೆಲ್ಲ ಹೋಗಲಿ, ಆಮೇಲೆ ವಕೀಲರನ್ನು ನೋಡೋಣ ಅಂತಾರೆ. ದುಃಖದ ಮನೆ, ತಪ್ಪು ಅನ್ನಲಾರೆ. ಆದರೆ ದಿನ ಎಣಿಸುವುದು ಸಾವಿನಿಂದ, ತಿಥಿಯಿಂದಲ್ಲ. ಅಷ್ಟರಲ್ಲಿ ಸಾವಿನ ಬಗ್ಗೆ ಪೊಲೀಸರ ವರದಿ ಹೈಕೋರ್ಟಿಗೆ ತಲುಪಿ ಅಪೀಲು ಮುಗಿದಿದ್ದರೂ ಮುಗಿದಿರಬಹುದು. ತಡವಾಗಿದ್ದರೆ ಕಾರಣ ಬರೆದು, ವಿಳಂಬ ಮನ್ನಿಸಿ ಅಂತ ಬೇರೆ ಅರ್ಜಿ ಹಾಕಬೇಕು. ಒಪ್ಪುವುದು ಬಿಡುವುದು ಕೋರ್ಟಿಗೆ ಸೇರಿದ್ದು.

ಮೊದಲು ಮರಣ ಪತ್ರ ತೆಗೆದುಕೊಳ್ಳಿ. ನೀವು ಮಗಳು ಅಂತ ತೋರಿಸುವ ದಾಖಲೆ ಇಟ್ಟುಕೊಳ್ಳಿ. ವಕೀಲರಿಗೆ ಕೇಸು ನಡೆಸಲು ಅಧಿಕಾರ ಕೊಟ್ಟು ಅಪ್ಪ ಸಹಿ ಮಾಡಿದ್ದ ವಕಾಲತ್ತು ಅವರೊಂದಿಗೇ ಮುಗಿಯಿತು, ನಿಮ್ಮ ಸಹಿಯ ಹೊಸ ವಕಾಲತ್ತು ಬೇಕು. ಅನುಮತಿ ಸಿಕ್ಕರೆ, ಅವರು ಬದುಕಿದ್ದಾಗ ಹೇಗೋ ಹಾಗೇ ಸಾಕ್ಷಿಗಳನ್ನೆಲ್ಲ ನೋಡಿ ತೀರ್ಪು ಬರುತ್ತದೆ.

ಬಿಡುಗಡೆ ಆದವರ ಮೇಲೆ ಸರ್ಕಾರ ಅಪೀಲು ಹಾಕಿದ್ದಾಗ ಆರೋಪಿ ತೀರಿಕೊಂಡರೆ ಆ ಅಪೀಲೂ ಅಲ್ಲಿಗೇ ಮುಗಿಯುತ್ತದೆ. ಜಯಲಲಿತಾ ಅವರ ಕೇಸು ನೆನಪಿದೆ ಅಲ್ವಾ? ನಮ್ಮ ಹೈಕೋರ್ಟು 2015ರಲ್ಲಿ ಬಿಡುಗಡೆ ಮಾಡಿತು, ಕರ್ನಾಟಕ ಸರ್ಕಾರ ಸುಪ್ರೀಂ ಕೋರ್ಟಿಗೆ ಹೋಯಿತು. 2016ರ ಡಿಸೆಂಬರ್‌ನಲ್ಲಿ ಅವರು ತೀರಿಕೊಂಡರು. 2017ರ ಫೆಬ್ರವರಿಯಲ್ಲಿ ಉಳಿದ ಆರೋಪಿಗಳಿಗೆ ವಿಚಾರಣಾ ಕೋರ್ಟು ಕೊಟ್ಟಿದ್ದ ಶಿಕ್ಷೆ ಮತ್ತೆ ಖಾಯಂ ಆಯಿತು, ಜಯಲಲಿತಾ ಅವರ ಮಟ್ಟಿಗೆ ಅಪೀಲು ಅಬೇಟ್ ಆಯಿತು.

ಇನ್ನು ದಂಡದ ವಿಷಯ. ಅದು ಸಾವಿನೊಂದಿಗೆ ಹೋಗುವುದಿಲ್ಲ, ಬಿಟ್ಟುಹೋದ ಆಸ್ತಿಯ ಮೇಲೆ ಬರುತ್ತದೆ. ಅದಕ್ಕೇ ದಂಡಕ್ಕೆ ಸಂಬಂಧಿಸಿದ ಅಪೀಲು ಅಬೇಟ್ ಆಗುವುದಿಲ್ಲ. ಜೈಲು, ದಂಡ ಎರಡೂ ಇದ್ದರೂ ದಂಡದ ಭಾಗವನ್ನು ವಾರಸುದಾರರ ಮಾತು ಕೇಳಿ ತೀರ್ಮಾನಿಸಬೇಕು ಅಂತ ಸುಪ್ರೀಂ ಕೋರ್ಟು 2020ರಲ್ಲಿ, ಕೇರಳದ ರಮೇಶನ್ ಕೇಸಿನಲ್ಲಿ ಹೇಳಿದೆ. ನಿಮ್ಮ ಅಪ್ಪ 20 ಸಾವಿರ ಕಟ್ಟಿದ್ದರೆ ರಸೀದಿ ಜೋಪಾನ ಮಾಡಿ. ಅಪೀಲು ಗೆದ್ದರೆ ಆ ಹಣ ವಾಪಸ್ ಕೇಳಲು ಅದು ಬೇಕಾಗುತ್ತದೆ.